ಮಸಾಲೆ ಮೀನಿಗೆ ಮನೇಲೇ ಹೊಗೆ ಹಿಡಿಸೋದು: ಬಾಣಲೆ, ಡ್ರಮ್ಮು, ಕೆಂಡ-ತುಪ್ಪ, ನಿಮ್ಮನೆಗೆ ಯಾವ್ದು ಸರಿ?

ಮೊದಲನೇ ಸಲ ನಾನು ಮೀನಿಗೆ ಹೊಗೆ ಹಿಡಿಸೋಕೆ ಹೋದಾಗ ಮಸಾಲೆ ಭರ್ಜರಿಯಾಗೇ ಇತ್ತು. ಶುಂಠಿ, ಬೆಳ್ಳುಳ್ಳಿ, ಬ್ಯಾಡಗಿ ಮೆಣಸಿನಕಾಯಿ, ಮೊಸರು, ನಿಂಬೆರಸ ಎಲ್ಲಾ ಹಾಕಿ ರುಬ್ಬಿ ಒಂದು ಕೆಜಿ ರೋಹು ಮೀನಿಗೆ ದಪ್ಪಗೆ ಮೆತ್ತಿ, ಅದು ಹಸಿ ಇರುವಾಗ್ಲೇ ಎತ್ತಿ ಹೊಗೆ ಮೇಲೆ ಇಟ್ಬಿಟ್ಟೆ. ಮುಕ್ಕಾಲು ಗಂಟೆ ಆದ್ಮೇಲೆ ಮುಚ್ಚಳ ತೆಗೆದ್ರೆ ಮೇಲೆಲ್ಲಾ ಕಪ್ಪು ಅಂಟು, ಮಸಾಲೆ ನೀರು ಹರಿದ ಕಡೆಯೆಲ್ಲ ಪಟ್ಟೆ ಪಟ್ಟೆ, ಬಾಯಿಗಿಟ್ರೆ ಕಹಿ. ಆ ಮಸಾಲೆ ಕೆರೆದು ಒಳಗಿನ ಮೀನು ತಿಂದು ನೋಡಿದ್ರೆ ಬರೀ ಹಬೇಲಿ ಬೇಯಿಸಿದ ಮೀನಿನ ರುಚಿ, ಹೊಗೆಯ ಸುಳಿವೇ ಇಲ್ಲ.

ಅಲ್ಲಿಂದೀಚೆಗೆ ಮೈಸೂರಿನ ನಮ್ಮ ಫ್ಲಾಟಲ್ಲಿ ಬಾಣಲೆ, ಪಾಂಡವಪುರದ ಹತ್ರ ಇರೋ ಅಕ್ಕನ ಮನೆ ಹಿತ್ತಲಲ್ಲಿ ಡ್ರಮ್ಮು, ಸ್ನೇಹಿತರ ತಾರಸಿ ಮೇಲೆ ಮುಚ್ಚಳ ಇರೋ ಇದ್ದಿಲು ಗ್ರಿಲ್ಲು, ಅವಸರ ಇದ್ದಾಗ ಕೆಂಡ-ತುಪ್ಪ, ಎಲ್ಲಾ ಮಾಡಿ ನೋಡಿದೀನಿ. ಹೊಸದಾಗಿ ಶುರು ಮಾಡೋರೆಲ್ಲ ಮೊದಲು ಕೇಳೋದು ಯಾವ ಪಾತ್ರೆ ತಗೊಳ್ಳಿ ಅಂತ. ಪಾತ್ರೆ ಆಮೇಲೆ ನೋಡೋಣ, ಮೀನಿನ ಮೈ ಒಣಗಿರಬೇಕು, ಅದಾಗ್ಲಿಲ್ಲ ಅಂದ್ರೆ ಯಾವ ಪಾತ್ರೆ ತಂದ್ರೂ ಆಗೋದು ಅದೇ ಕಹಿ. ಹಂಗಾಗಿ ಮಸಾಲೆಯಿಂದ್ಲೇ ಶುರು ಮಾಡ್ತೀನಿ.

ಉಪ್ಪು-ಬೆಲ್ಲವೋ, ಉಪ್ಪುನೀರೋ, ರುಬ್ಬಿದ ಮಸಾಲೆಯೋ

ಉಪ್ಪು ಮೀನಿಗೆ ತಾಗಿದಾಗ ಎರಡು ಕೆಲಸ ಆಗುತ್ತೆ. ಒಳಗಿನ ನೀರು ಹೊರಗೆ ಬರುತ್ತೆ, ಜೊತೆಗೆ ಮೀನಿನ ಪ್ರೋಟೀನು ಸ್ವಲ್ಪ ಕರಗಿ ಮೇಲೆ ಬಂದು ಕೂರುತ್ತೆ. ಅದನ್ನ ಗಾಳಿಗೆ ಒಣಗಿಸಿದ್ರೆ ತೆಳ್ಳಗೆ ಹೊಳೆಯೋ ಒಂದು ಪೊರೆ ಕಟ್ಟುತ್ತೆ, ಹೊಗೆ ಸಮವಾಗಿ ಹಿಡಿಯೋದು ಆ ಪೊರೆ ಮೇಲೇನೇ. ಬೆರಳಿಂದ ಮುಟ್ಟಿ ನೋಡಿ, ಬೆರಳಿಗೆ ನೀರು ಹತ್ತಬಾರದು, ಆದ್ರೆ ಹಲಸಿನ ತೊಳೆ ಮುಟ್ಟಿದಂಗೆ ನುಣ್ಣಗೆ ಒಂಚೂರು ಅಂಟಬೇಕು. ಅಷ್ಟಾದ್ರೆ ತಯಾರಾಗಿದೆ ಅಂತ.

ನಮ್ಮಜ್ಜಿ ಇದನ್ನ ಯಾವ ಹೆಸರೂ ಇಟ್ಟು ಹೇಳಿದವ್ರಲ್ಲ, ಆದ್ರೆ ಕೆರೆ ಮೀನು ಜಾಸ್ತಿ ಸಿಕ್ಕಿದ ದಿನ ಉಪ್ಪು ಅರಿಶಿನ ಹಚ್ಚಿ, ಮೊರದಲ್ಲಿ ಹರಡಿ ನೆರಳಲ್ಲಿ ಆರಿಸಿ, ಮೈ ಗರಿಗರಿ ಆದ್ಮೇಲೇನೇ ಸೌದೆ ಒಲೆ ಮೇಲೆ ಕಡ್ಡಿಗೆ ಪೋಣಿಸಿ ತೂಗಾಕ್ತಿದ್ರು. ಹಸಿ ಮೀನನ್ನ ಹೊಗೆಗೆ ಒಡ್ಡಿದ್ದು ನಾನು ಒಂದಿನಾನೂ ನೋಡಿಲ್ಲ.

ಈಗ ಮೂರು ದಾರಿಗೆ ಬರೋಣ. ಒಣ ಉಪ್ಪು-ಬೆಲ್ಲ ಅಂದ್ರೆ ಒಂದು ಕೆಜಿ ಮೀನಿನ ತುಂಡಿಗೆ 50 ಗ್ರಾಂ ಪುಡಿ ಮಾಡಿದ ಕಲ್ಲುಪ್ಪು, 50 ಗ್ರಾಂ ತುರಿದ ಬೆಲ್ಲ, ಕುಟ್ಟಿದ ಕಾಳುಮೆಣಸು, ಬೇಕಿದ್ರೆ ಒಣ ಖಾರದಪುಡಿ. ಚೆನ್ನಾಗಿ ಸವರಿ 40 ನಿಮಿಷ ಫ್ರಿಜ್ಜಲ್ಲಿಟ್ಟು, ತಣ್ಣೀರಲ್ಲಿ ಒಂದೇ ಸಲ ತೊಳೆದು ಬಟ್ಟೆಯಿಂದ ಒತ್ತಿ ಒರೆಸೋದು. ತೆಳ್ಳನೆ ತುಂಡಾದ್ರೆ 25 ನಿಮಿಷ ಸಾಕು, ಇಲ್ಲಾಂದ್ರೆ ಉಪ್ಪುಮೀನು ಆಗೋಗುತ್ತೆ. ಮಂಡ್ಯದ ಅಚ್ಚುಬೆಲ್ಲ ಇದಕ್ಕೆ ಎಷ್ಟು ಚೆನ್ನಾಗಿ ಒಗ್ಗುತ್ತೆ ಅಂದ್ರೆ ನಾನು ಸಕ್ಕರೆ ಹಾಕೋದೇ ಬಿಟ್ಟಿದೀನಿ, ಉಪ್ಪಿನ ಚುರುಕು ತಗ್ಗುತ್ತೆ, ಹೊಗೆ ತಾಗಿದ ಮೇಲೆ ಜೇನಿನ ಬಣ್ಣ ಬರುತ್ತೆ.

ಉಪ್ಪುನೀರು ಅಂದ್ರೆ ಒಂದು ಲೀಟರ್ ನೀರಿಗೆ 80 ಗ್ರಾಂ ಉಪ್ಪು, 40 ಗ್ರಾಂ ಬೆಲ್ಲ. ಎರಡು ಸೆಂಟಿಮೀಟರ್ ದಪ್ಪದ ತುಂಡು ಒಂದೂವರೆಯಿಂದ ಎರಡು ಗಂಟೆ ಅದರಲ್ಲಿ ಮುಳುಗಿರಬೇಕು, ಫ್ರಿಜ್ಜಲ್ಲೇ. ಇದರ ಲಾಭ ಏನಂದ್ರೆ ಉಪ್ಪು ಎಲ್ಲಾ ಕಡೆ ಒಂದೇ ಸಮ ಹಿಡಿಯುತ್ತೆ, ಹೊಸಬರು ತಪ್ಪು ಮಾಡೋಕೆ ಅವಕಾಶ ಕಮ್ಮಿ. ನಷ್ಟ ಅಂದ್ರೆ ಒಣಗಿಸೋಕೆ ಟೈಮ್ ಜಾಸ್ತಿ ಬೇಕು.

ರುಬ್ಬಿದ ಹಸಿ ಮಸಾಲೆ ತವಾಗೆ, ಕೆಂಡದ ಮೇಲೆ ಸುಡೋಕೆ ಸರಿ, ಹೊಗೆಗಲ್ಲ. ಆದ್ರೆ ನಮ್ಮ ನಾಲಿಗೆಗೆ ಖಾರ ಬೆಳ್ಳುಳ್ಳಿ ಇಲ್ದೆ ಮೀನು ಇಳಿಯಲ್ಲ, ಅದು ನಂಗೂ ಗೊತ್ತು. ಅದಕ್ಕೆ ನಾನು ಕಂಡ್ಕೊಂಡ ದಾರಿ ಹೇಳ್ತೀನಿ, ಮಸಾಲೇನ ಉಪ್ಪುನೀರಿಗೇ ಇಳಿಸೋದು. ಎಂಟು ಹತ್ತು ಬ್ಯಾಡಗಿ, ಒಂದು ಗಡ್ಡೆ ಬೆಳ್ಳುಳ್ಳಿ, ಶುಂಠಿ, ಧನಿಯಾ, ಕಾಳುಮೆಣಸು, ಒಂದು ಎಸಳು ಕರಿಬೇವು ಎಲ್ಲಾ ಜಜ್ಜಿ ಆ ಲೀಟರ್ ಉಪ್ಪುನೀರಲ್ಲಿ ಹತ್ತು ನಿಮಿಷ ಕುದಿಸಿ, ಕಷಾಯ ಶೋಧಿಸಿದಂಗೆ ಶೋಧಿಸಿ, ಪೂರ್ತಿ ತಣ್ಣಗಾದ್ಮೇಲೆ ಮೀನು ಹಾಕೋದು. ಬಿಸಿ ಇರುವಾಗ ಹಾಕಿದ್ರೆ ಮೀನು ಅಲ್ಲೇ ಅರ್ಧ ಬೆಂದೋಗುತ್ತೆ. ಮಸಾಲೆ ಒಳಗೂ ಹೋಗುತ್ತೆ, ಮೈ ಮೇಲೆ ಮೆತ್ತನೆ ಪದರಾನೂ ಉಳಿಯಲ್ಲ, ಪೊರೆ ಆರಾಮಾಗಿ ಕಟ್ಟುತ್ತೆ. ನಾನೀಗ ಮಾಡೋದು ಬಹುಪಾಲು ಇದೇ. ನಿಂಬೆಹಣ್ಣು ಇದಕ್ಕೆ ಹಾಕ್ಬೇಡಿ, ಎರಡು ಗಂಟೆ ಹುಳೀಲಿ ನೆನೆದ್ರೆ ಮೀನು ಬೆಳ್ಳಗಾಗಿ ಹಿಟ್ಟಾಗುತ್ತೆ, ತಿನ್ನೋವಾಗ ಮೇಲೆ ಹಿಂಡ್ಕೊಳ್ಳಿ.

ಯಾವ ದಾರಿ ಹಿಡಿದ್ರೂ ಆಮೇಲೆ ಜಾಲರಿ ಮೇಲೆ ಮುಚ್ಚದೆ ಫ್ರಿಜ್ಜಲ್ಲಿ ಎರಡು ಮೂರು ಗಂಟೆ ಇಡಿ. ಡಿಸೆಂಬರ್ ಜನವರೀಲಿ ಸಂಜೆ ಹೊತ್ತು ಫ್ಯಾನ್ ಕೆಳಗೆ ಒಂದು ಗಂಟೆ ಇಟ್ರೂ ಆಗುತ್ತೆ. ಏಪ್ರಿಲ್ ಬಿಸಿಲಲ್ಲಿ ಆ ಕೆಲಸ ಬೇಡ, ಹಸಿ ಮೀನು ಹೊರಗಿನ ಶಾಖದಲ್ಲಿ ಒಟ್ಟು ಎರಡು ಗಂಟೆ ದಾಟಬಾರದು.

ಬಾಣಲೆ

ಫ್ಲಾಟಲ್ಲಿರೋರಿಗೆ, ನಾಲ್ಕು ಜನದ ಮನೆಗೆ, ನಾನು ಕಣ್ಮುಚ್ಕೊಂಡು ಹೇಳೋದು ಇದನ್ನೇ. ದಪ್ಪ ಕಬ್ಬಿಣದ ಬಾಣಲೆ, ಅದಕ್ಕೆ ಬಿಗಿಯಾಗಿ ಕೂರೋ ಮುಚ್ಚಳ, ಒಳಗೆ ಕೂರೋ ಸ್ಟೀಲ್ ಜಾಲರಿ. ನಾನ್‌ಸ್ಟಿಕ್ ಬೇಡವೇ ಬೇಡ, ಆ ಲೇಪನ 260 ಡಿಗ್ರಿ ದಾಟಿದ್ರೆ ಕೆಟ್ಟು ವಿಷದ ಹೊಗೆ ಬಿಡುತ್ತೆ, ಇಲ್ಲಿ ತಳ ಖಾಲಿ ಪಾತ್ರೆ ಥರಾನೇ ಕಾಯುತ್ತೆ. ಕುಕ್ಕರ್ ಆಗಲ್ವಾ ಅಂತ ಕೇಳ್ತಾರೆ, ನೀರಿಲ್ದೆ ಕಾಯಿಸಿದ್ರೆ ಗ್ಯಾಸ್ಕೆಟ್ಟೂ ಸೇಫ್ಟಿ ವಾಲ್ವೂ ಹಾಳಾಗುತ್ತೆ, ನಾಳೆ ಅದೇ ಕುಕ್ಕರಲ್ಲಿ ಬೇಳೆ ಬೇಯಿಸ್ಬೇಕಲ್ಲ, ಬೇಡ.

ತಳಕ್ಕೆ ಎರಡು ಪದರ ಅಲ್ಯೂಮಿನಿಯಂ ಫಾಯಿಲ್ ಹಾಸಿ, ಅದರ ಮೇಲೆ ಅರ್ಧ ಲೋಟ ಅಕ್ಕಿ, ಎರಡು ಚಮಚ ಟೀ ಪುಡಿ, ಎರಡು ಚಮಚ ಬೆಲ್ಲದ ಪುಡಿ. ಇದು ಚೀನೀಯರ ಹಳೇ ಪದ್ಧತಿ, ಅವರು ಬಾತುಕೋಳಿಗೂ ಹಿಂಗೇ ಟೀ ಹೊಗೆ ಕೊಡ್ತಾರೆ. ಅಕ್ಕಿ ಬದಲು ಭತ್ತದ ಹೊಟ್ಟು ಹಾಕಿದ್ರೆ ಇನ್ನೂ ನಿಧಾನಕ್ಕೆ ಉರಿಯುತ್ತೆ, ಹಳ್ಳಿ ಕಡೆ ಮಿಲ್ಲಲ್ಲಿ ಕೇಳಿದ್ರೆ ಒಂದು ಚೀಲ ಕೊಡ್ತಾರೆ. ಅಡುಗೆಮನೆ ಕಿಟಕಿ ಪೂರ್ತಿ ತೆಗೀರಿ, ಎಕ್ಸಾಸ್ಟ್ ಹಾಕಿ, ಜೋರು ಉರೀಲಿ ಐದಾರು ನಿಮಿಷ ಇಟ್ರೆ ಮೊದಲು ಹಳದಿ ಮಿಶ್ರಿತ ಬಿಳಿ ದಟ್ಟ ಹೊಗೆ ಏಳುತ್ತೆ, ಆಗ್ಲೇ ಮೀನು ಇಡೋ ಆಸೆ ಆಗುತ್ತೆ, ತಡ್ಕೊಳ್ಳಿ. ಒಂದೆರಡು ನಿಮಿಷದಲ್ಲಿ ಅದು ತೆಳ್ಳಗಾಗಿ ನೀಲಿಗೆ ತಿರುಗುತ್ತೆ, ಊದುಬತ್ತಿ ತುದಿ ಹೊಗೆ ಇರುತ್ತಲ್ಲ ಆ ಬಣ್ಣ. ಆವಾಗ ಜಾಲರಿಗೆ ಎಣ್ಣೆ ಸವರಿ ಚರ್ಮ ಕೆಳಗೆ ಬರೋ ಹಾಗೆ ಮೀನಿಟ್ಟು, ಮುಚ್ಚಳ ಹಾಕಿ, ಸುತ್ತ ಒದ್ದೆ ಬಟ್ಟೆ ಹುರಿ ಸುತ್ತಿ (ಬರ್ನರ್ ಹತ್ರ ಇಳಿಬೀಳದ ಹಾಗೆ ನೋಡ್ಕೊಳ್ಳಿ), ಮಧ್ಯಮಕ್ಕಿಂತ ಕಮ್ಮಿ ಉರೀಲಿ 12ರಿಂದ 15 ನಿಮಿಷ. ಆಫ್ ಮಾಡಿ ಇನ್ನೈದು ನಿಮಿಷ ಮುಚ್ಚಳ ಮುಟ್ಟಬೇಡಿ.

ಮಾಂಸಕ್ಕೆ ಚುಚ್ಚಿ ನೋಡೋ ಥರ್ಮಾಮೀಟರ್ ಒಂದು ತಗೊಳ್ಳಿ, ಈ ಕೆಲಸಕ್ಕೆ ಬೇರೆ ಯಾವ ಸಾಮಾನಿಗಿಂತ ಮೊದಲು ದುಡ್ಡು ಹಾಕ್ಬೇಕಾದ್ದು ಅದಕ್ಕೇ. ದಪ್ಪ ತುಂಡಿನ ನಡುಮಧ್ಯ 63 ಡಿಗ್ರಿ ಮುಟ್ಟಿದ್ರೆ ಮೀನು ಬೆಂದಿದೆ. ಬಾಣಲೇಲಿ ಮಾಡಿದ್ದು ಆವತ್ತೇ ತಿಂದು ಮುಗಿಸೋ ಮೀನು, ರಸ ಇರುತ್ತೆ, ಹೊಗೆ ಹದವಾಗಿರುತ್ತೆ, ಒಂದು ಸಲಕ್ಕೆ ಅರ್ಧ ಕೆಜಿ ಮೇಲೆ ಹಿಡಿಯಲ್ಲ. ಮನೇಲಿ ಮಾರನೇ ದಿನದವರೆಗೂ ವಾಸನೆ ಇರುತ್ತೆ, ಅದನ್ನ ಮುಚ್ಚಿಟ್ಟು ಹೇಳೋದು ಸರಿಯಲ್ಲ, ಪರದೆಗಳನ್ನ ಮೊದಲೇ ಬಿಚ್ಚಿಟ್ಬಿಡಿ.

ಡ್ರಮ್ಮು

ಹಿತ್ತಲು ಇದೆ, ಐದಾರು ಕೆಜಿ ಮಾಡ್ಬೇಕು, ನಾಲ್ಕು ದಿನ ಇಟ್ಕೊಂಡು ತಿನ್ಬೇಕು ಅನ್ನೋರಿಗೆ ಇದಕ್ಕೆ ಸಮ ಇನ್ನೊಂದಿಲ್ಲ. ನಮ್ಮ ಭಾವ 200 ಲೀಟರಿನ ಅಡುಗೆ ಎಣ್ಣೆ ಡ್ರಮ್ ತಂದು, ಒಳಗೆ ಸೌದೆ ಹಾಕಿ ಒಂದು ಮಧ್ಯಾಹ್ನ ಪೂರ್ತಿ ಕೆಂಪಗೆ ಸುಟ್ಟು ಪೇಂಟೆಲ್ಲ ಉದುರಿಸಿ, ತೊಳೆದು, ಕೆಳಗೆ ಗಾಳಿಗೆ ತೂತು, ಮೇಲೆ ಮೂರು ಕಬ್ಬಿಣದ ಸರಳು ಹಾಕಿಸಿದ್ರು. ಕೆಮಿಕಲ್ ಬಂದಿರೋ ಡ್ರಮ್ ಎಷ್ಟೇ ಸುಟ್ರೂ ಬೇಡ. ಹಂಗೇ ಗ್ಯಾಲ್ವನೈಸ್ಡ್ ಜಾಲರಿ, ತಗಡೂ ಬೇಡ, ಮೇಲಿನ ಸತು ಕಾದಾಗ ಕೆಟ್ಟ ಹೊಗೆ ಬಿಡುತ್ತೆ.

ಇಲ್ಲಿ ಆಟವೆಲ್ಲ ಶಾಖದ್ದು. ಮೊದಲ ಅರ್ಧ ಗಂಟೆ ಡ್ರಮ್ ಒಳಗೆ 50 ಡಿಗ್ರಿ ಆಸುಪಾಸು, ಮೀನಿನ ಮೈ ಇನ್ನೊಂಚೂರು ಒಣಗಲಿ ಅಂತ, ಆಮೇಲೆ ಉರಿ ಏರಿಸಿ 90ರಿಂದ 110ಕ್ಕೆ ತಂದು ಒಂದೂವರೆ ಎರಡು ಗಂಟೆ. ಒಂದೇ ಸಲ ಜೋರು ಮಾಡಿದ್ರೆ ಮೀನಿನ ಮೇಲೆ ಬಿಳಿ ಗಸಿ ಉಕ್ಕಿ ಬಂದು ಹೆಪ್ಪುಗಟ್ಟುತ್ತೆ, ಅದು ಕೆಟ್ಟದ್ದಲ್ಲ, ಒಳಗಿನ ಪ್ರೋಟೀನೇ, ಆದ್ರೆ ಅಷ್ಟೂ ರಸ ಮೀನು ಕಳ್ಕೊಂಡಿದೆ ಅಂತ ಅರ್ಥ. ಇಟ್ಕೊಂಡು ತಿನ್ನೋ ಮೀನಾದ್ರೆ ನಡುಭಾಗ 66 ಡಿಗ್ರಿ ಮುಟ್ಟಿ ಅಲ್ಲೇ ಅರ್ಧ ಗಂಟೆ ನಿಲ್ಲಬೇಕು, ಇದರಲ್ಲಿ ಮಾತ್ರ ಅಂದಾಜು ನಡೆಯಲ್ಲ.

ಕೊಬ್ಬು ಕೆಂಡದ ಮೇಲೆ ತೊಟ್ಟಿಕ್ಕದ ಹಾಗೆ ನಡುವೆ ಒಂದು ತಟ್ಟೆ ಇಡಿ. ತೊಟ್ಟಿಕ್ಕಿ ಉರಿದ ಕೊಬ್ಬಿನ ಮಸೀಲೇ ಬೆಂಜೋಪೈರೀನ್ ಥರದ ಕ್ಯಾನ್ಸರ್ ತರೋ ಪದಾರ್ಥ ಜಾಸ್ತಿ ಹುಟ್ಟೋದು. ಯೂರೋಪಲ್ಲಿ ಹೊಗೆ ಹಿಡಿಸಿದ ಮೀನಲ್ಲಿ ಅದು ಕೆಜಿಗೆ 2 ಮೈಕ್ರೋಗ್ರಾಂ ದಾಟಬಾರದು ಅಂತ 2014ರಿಂದ ಕಟ್ಟುನಿಟ್ಟು ಮಾಡಿದಾರೆ. ಹಂಗಾಗಿ ಕಪ್ಪಾದಷ್ಟೂ ರುಚಿ ಅನ್ನೋ ಮಾತು ನಂಬಬೇಡಿ, ಬಂಗಾರದ ಕಂದು ಬಂದ್ರೆ ಸಾಕು, ಮತ್ತೆ ವಾರಾವಾರ ತಿನ್ನೋ ಅಡುಗೇನೂ ಇದಲ್ಲ.

ಇದ್ದಿಲು ಗ್ರಿಲ್ಲು ಈಗಾಗಲೇ ಮನೇಲಿದ್ರೆ ಬಳಸಿ, ಕೆಂಡ ಒಂದು ಪಕ್ಕ, ಮೀನು ಇನ್ನೊಂದು ಪಕ್ಕ, ಮುಚ್ಚಳದ ತೂತು ಮೀನಿನ ಕಡೆ. ಇದಕ್ಕೋಸ್ಕರ ಅಂತ ಹೊಸದು ಕೊಳ್ಳೋ ಅಗತ್ಯ ನಂಗಂತೂ ಕಾಣಲ್ಲ.

ಕೆಂಡ-ತುಪ್ಪ

ತವಾ ಮೇಲೆ ಮೊದಲೇ ಬೇಯಿಸಿದ ಮಸಾಲೆ ಮೀನನ್ನ ಪಾತ್ರೇಲಿಟ್ಟು, ನಡುವೆ ಬಟ್ಟಲಲ್ಲಿ ಒಂದು ನಿಗಿನಿಗಿ ಕೆಂಡ, ಅದರ ಮೇಲೆ ಅರ್ಧ ಚಮಚ ತುಪ್ಪ, ತಕ್ಷಣ ಮುಚ್ಚಳ, ಐದು ನಿಮಿಷ. ರುಬ್ಬಿದ ಹಸಿ ಮಸಾಲೇನೇ ಬೇಕು ಅನ್ನೋರಿಗೆ ಇರೋದು ಇದೊಂದೇ ದಾರಿ, ಯಾಕಂದ್ರೆ ಇಲ್ಲಿ ಹೊಗೆ ಮಸಾಲೆಗೆ ತಾಗಿದ್ರೆ ಸಾಕು. ಇದು ಬರೀ ಪರಿಮಳ ಅಷ್ಟೆ, ಮೀನನ್ನ ಬೇಯಿಸಲ್ಲ, ಕೆಡದಂಗೆ ಕಾಯಲ್ಲ. ಮನೆಗೆ ನೆಂಟರು ಬಂದು ಕೂತಿರುವಾಗ ಇದೇ ಕೈ ಹಿಡಿಯೋದು.

ಪ್ಯಾಕೆಟ್ಟಲ್ಲಿ ಬರೋ ಸಾಲ್ಮನ್ ಥರ ಬೇಯಿಸದೆ ತಣ್ಣನೆ ಹೊಗೆ ಮಾತ್ರ ಕೊಡೋದು ಒಂದಿದೆ, 30 ಡಿಗ್ರಿ ಒಳಗೆ ಗಂಟೆಗಟ್ಟಲೆ ಇಡ್ಬೇಕು. ನಮ್ಮ ಮೈಸೂರಲ್ಲಿ ಬೇಸಿಗೇಲಿ ನೆರಳಲ್ಲೇ 35 ದಾಟುತ್ತೆ, ಲಿಸ್ಟೀರಿಯಾ ಅನ್ನೋ ಬ್ಯಾಕ್ಟೀರಿಯಾ, ಬಾಟುಲಿಸಮ್ (ಜೀವಕ್ಕೇ ಅಪಾಯ ತರೋ ಆಹಾರ ವಿಷ) ತರೋ ಬ್ಯಾಕ್ಟೀರಿಯಾ ಎರಡಕ್ಕೂ ಅದು ಹಬ್ಬ. ಮನೇಲಿ ಬೇಡ ಅಂತ ಕೈ ಮುಗಿದು ಕೇಳ್ಕೋತೀನಿ.

ಮೀನು ಯಾವ್ದು

ಕೊಬ್ಬಿರೋ ಮೀನು ಹೊಗೇನ ಚೆನ್ನಾಗಿ ಹೀರುತ್ತೆ, ಒಣಗೂ ಆಗಲ್ಲ. ಆ ಲೆಕ್ಕದಲ್ಲಿ ಮಂಗಳೂರು ಕಡೆಯಿಂದ ಬರೋ ಬಂಗುಡೆಗೆ ಮೊದಲ ಜಾಗ, ಬೆನ್ನು ಸೀಳಿ ಪುಸ್ತಕದ ಥರ ಬಿಚ್ಚಿಸ್ಕೊಳ್ಳಿ. ಜೂನ್ 1ರಿಂದ ಜುಲೈ 31ರವರೆಗೆ ಕರಾವಳೀಲಿ ಯಾಂತ್ರಿಕ ದೋಣಿಗಳ ಮೀನುಗಾರಿಕೆ ನಿಷೇಧ ಇರೋದ್ರಿಂದ ಆ ಎರಡು ತಿಂಗಳು ಸಿಗೋದು ಹೆಚ್ಚಾಗಿ ಐಸಲ್ಲಿ ದಿನಗಟ್ಟಲೆ ಇದ್ದ ಮಾಲು, ಕಿವಿರು ಕೆಂಪಗಿದ್ಯಾ ನೋಡ್ದೆ ತರ್ಬೇಡಿ. ಆಗ ನಾನು ಕನ್ನಂಬಾಡಿ ಹಿನ್ನೀರಿನ ಮೀನಿಗೆ ಹೋಗ್ತೀನಿ.

ಸಿಹಿನೀರಲ್ಲಿ ಕಾಟ್ಲಾ ನನ್ನ ಆಯ್ಕೆ, ಅದರ ಹೊಟ್ಟೆ ಭಾಗದ ಕೊಬ್ಬು ಹೊಗೇಲಿ ಬೆಣ್ಣೆ ಆಗುತ್ತೆ. ರೋಹು ರುಚಿ ಚೆನ್ನಾಗಿದೆ, ಆದ್ರೆ ಮಾಂಸದ ನಡುವಿನ ಕವಲು ಮುಳ್ಳು ಮಕ್ಕಳಿಗೆ ಕಷ್ಟ, ಎರಡು ಕೆಜಿ ಮೇಲಿನ ಮೀನಾದ್ರೆ ಮುಳ್ಳು ದಪ್ಪ ಇದ್ದು ಕೈಗೆ ಸಿಗುತ್ತೆ. ಜಿಲೇಬಿ ಮೀನು, ಅಂದ್ರೆ 1952ರಲ್ಲಿ ನಮ್ಮ ದೇಶಕ್ಕೆ ತಂದ ತಿಲಾಪಿಯಾ, ಅಗ್ಗ, ಮುಳ್ಳು ಕಮ್ಮಿ, ಆದ್ರೆ ಕೊಬ್ಬಿಲ್ಲ, ಡ್ರಮ್ಮಲ್ಲಿ ಮರದ ಚಕ್ಕೆ ಆಗೋಗುತ್ತೆ, ಬಾಣಲೇಲಿ ಹತ್ತೇ ನಿಮಿಷಕ್ಕೆ ತೆಗೆದ್ರೆ ಸರಿ. ಜಿಲೇಬಿಗೂ ಗೆಂಡೆಗೂ ಒಂದು ಕೆಸರು ವಾಸನೆ ಇರುತ್ತಲ್ಲ, ಅದು ಜಿಯೋಸ್ಮಿನ್ ಅನ್ನೋ ಪದಾರ್ಥದ್ದು, ಹುಳಿ ತಾಗಿದ್ರೆ ಆ ವಾಸನೆ ಮುರಿಯುತ್ತೆ. ಹುಣಸೆಹಣ್ಣು, ಕಲ್ಲುಪ್ಪು ಹಾಕಿ ಮೀನು ತಿಕ್ಕಿ ತೊಳೆಯೋ ನಮ್ಮಮ್ಮಂದಿರ ಪದ್ಧತಿ ಎಷ್ಟು ಸರಿ ನೋಡಿ. ತಿಕ್ಕಿ ತೊಳೆದು, ಹುಳಿ ಪೂರ್ತಿ ಹೋದ್ಮೇಲೆ ಉಪ್ಪುನೀರಿಗೆ ಹಾಕಿ. ಕತ್ತರಿಸೋರಿಗೆ ಹುರುಪೆ ಮಾತ್ರ ತೆಗೀರಿ, ಚರ್ಮ ಬಿಡಿ ಅಂತ ಮೊದಲೇ ಹೇಳಿ, ಚರ್ಮ ಇಲ್ಲಾಂದ್ರೆ ಜಾಲರಿಗೆ ಅಂಟಿ ಪುಡಿಪುಡಿ.

ಏನು ಉರಿಸೋದು

ಸೀಬೆ, ಮಾವು, ಹಲಸು, ಚೆನ್ನಾಗಿ ಒಣಗಿದ ಚಕ್ಕೆ, ಕಣ್ಮುಚ್ಚಿ ಬಳಸಿ. ಮೂರರಲ್ಲಿ ಸೀಬೆ ಹೊಗೆ ಮೀನಿಗೆ ಬಹಳ ಮೃದು ಅನ್ಸುತ್ತೆ ನಂಗೆ. ತೆಂಗಿನ ಸಿಪ್ಪೆ, ನಾರು ಕೂಡ ಒಳ್ಳೇದು, ಲಕ್ಷದ್ವೀಪದಲ್ಲಿ ಚೂರೆ (ಟ್ಯೂನಾ) ಮೀನನ್ನ ಬೇಯಿಸಿ ಹೊಗೆ ಹಿಡಿಸಿ ಒಣಗಿಸಿ ಮಾಸ್ಮಿನ್ ಮಾಡ್ತಾರಲ್ಲ, ಅಲ್ಲೂ ತೆಂಗಿನದ್ದೇ ಉರುವಲು. ಕರಟ ಮಾತ್ರ ನೇರ ಹಾಕಿದ್ರೆ ಜೋರಾಗಿ ಉರಿದು ಕಪ್ಪು ಹೊಗೆ ಬಿಡುತ್ತೆ, ಅದನ್ನ ಮೊದಲು ಉರಿಸಿ ಕೆಂಡ ಮಾಡ್ಕೊಂಡು ಶಾಖಕ್ಕೆ ಬಳಸಿ. ಮಂಡ್ಯದಲ್ಲಿ ಆಲೆಮನೆ ಹತ್ರ ಒಣಗಿದ ಕಬ್ಬಿನ ಸಿಪ್ಪೆ ರಾಶಿ ಬಿದ್ದಿರುತ್ತೆ, ಒಂದು ಹಿಡಿ ಒದ್ದೆ ಮಾಡಿ ಕೆಂಡದ ಮೇಲೆ ಹಾಕಿದ್ರೆ ಕೊನೇ ಹತ್ತು ನಿಮಿಷಕ್ಕೆ ಸಿಹಿ ಹೊಗೆ ಬರುತ್ತೆ, ಪೂರ್ತಿ ಅದರಲ್ಲೇ ಮಾಡೋಕಾಗಲ್ಲ, ಭುಗ್ ಅಂತ ಹತ್ಕೊಂಡು ಮುಗಿದೋಗುತ್ತೆ.

ಬೇಡದ್ದು ಇನ್ನೂ ಮುಖ್ಯ. ದೇವರ ಹೂವಿಗೆ ಅಂತ ಕಾಂಪೌಂಡಲ್ಲಿ ಬೆಳೆಸಿರೋ ಕಣಗಿಲೆ ಗಿಡದ ಕಡ್ಡಿ ಅಪ್ಪಿತಪ್ಪಿಯೂ ಸೌದೇಲಿ ಸೇರಬಾರದು, ಆ ಗಿಡದ ಎಲೆ ಕಡ್ಡಿ ಹೂವು ಎಲ್ಲಾ ವಿಷ, ಹೊಗೇನೂ ವಿಷ. ಪ್ಲೈವುಡ್, ಪೇಂಟ್ ಹೊಡೆದ ಕಿಟಕಿ ಮರ, ನೀಲಗಿರಿ ಬೇಡ. ಮೈಸೂರಲ್ಲಿ ಮರಗೆಲಸದ ಅಂಗಡಿ ಜಾಸ್ತಿ, ಪುಡಿ ಸುಲಭಕ್ಕೆ ಸಿಗುತ್ತೆ, ಆದ್ರೆ ಬೀಟೆ, ತೇಗದ ಪುಡಿ ಎಷ್ಟೋ ಜನರಿಗೆ ಚರ್ಮಕ್ಕೆ ಉಸಿರಿಗೆ ಅಲರ್ಜಿ ತರುತ್ತೆ, ಜೊತೆಗೆ ಪಾಲಿಶ್, ಗೋಂದು ಏನೇನು ಬೆರೆತಿದೆಯೋ ಹೇಳೋಕಾಗಲ್ಲ. ಇನ್ನು ಇದ್ದಿಲು, ಕೆಂಡ ಅನ್ನೋದು ಯಾವತ್ತೂ ಮುಚ್ಚಿದ ರೂಮಲ್ಲಿ ಬೇಡ, ಕಾರ್ಬನ್ ಮೊನಾಕ್ಸೈಡಿಗೆ ಬಣ್ಣಾನೂ ಇಲ್ಲ ವಾಸನೇನೂ ಇಲ್ಲ.

ಮಾಡಿದ್ಮೇಲೆ

ಹೊಗೆ ಹಿಡಿದಿದೆ, ಉಪ್ಪಿದೆ, ಇನ್ನೇನು ಕೆಡಲ್ಲ ಅಂತ ಹೊರಗಿಡಬೇಡಿ. ನಾವು ಮನೇಲಿ ಹಾಕೋ ಉಪ್ಪು ರುಚಿಗೆ ಸಾಲುತ್ತೆ, ಕಾಪಾಡೋಕೆ ಸಾಲಲ್ಲ. ಆರಿದ ತಕ್ಷಣ ಬಟರ್ ಪೇಪರಲ್ಲಿ ಸುತ್ತಿ ಫ್ರಿಜ್ಜಿನ ಅತಿ ತಣ್ಣನೆ ಜಾಗದಲ್ಲಿಟ್ರೆ ನಾಲ್ಕು ದಿನ, ಫ್ರೀಜರಲ್ಲಿ ಎರಡು ತಿಂಗಳು. ಎಣ್ಣೇಲಿ ಮುಳುಗಿಸಿ ಬಾಟ್ಲಿಗೆ ಹಾಕಿಡೋದು, ಗಾಳಿ ತೆಗೆದು ಪ್ಯಾಕ್ ಮಾಡೋದು ಎರಡೂ ಬೇಡ, ಬಾಟುಲಿಸಮ್ ಬ್ಯಾಕ್ಟೀರಿಯಾಗೆ ಬೇಕಾಗಿರೋದೇ ಗಾಳಿ ಇಲ್ಲದ ಜಾಗ, ಅದರಲ್ಲಿ ಮೀನಿಗೆ ಬರೋ ಒಂದು ಬಗೆ ಮೂರೂವರೆ ಡಿಗ್ರೀಲೂ ಬೆಳೆಯುತ್ತೆ. ರಾತ್ರಿಯೆಲ್ಲ ಕರೆಂಟ್ ಹೋಗಿತ್ತು ಅಂದ್ರೆ ಬಿಸಾಕಿ, ಹೊಟ್ಟೆ ಉರಿದ್ರೂ ಸರಿ.

ತಲೆ, ನಡುಮುಳ್ಳು ಮಾತ್ರ ಬಿಸಾಕೋ ಹಾಗಿಲ್ಲ. ಡ್ರಮ್ಮಿಂದ ತೆಗೆದ ಕಾಟ್ಲಾ ತಲೇನ ಆವತ್ತೇ ರಾತ್ರಿ ಹುಣಸೆಹುಳಿ, ಹುರಿದು ರುಬ್ಬಿದ ಧನಿಯಾ, ಈರುಳ್ಳಿ, ಮೆಣಸಿನಕಾಯಿ ಹಾಕಿದ ಸಾರಲ್ಲಿ ಹತ್ತು ನಿಮಿಷ ಕುದಿಸ್ತಾರೆ ನಮ್ಮಕ್ಕ, ಕೊನೇಗೆ ಉಪ್ಪು ನೋಡಿ ಹಾಕ್ಬೇಕು, ಮೀನಲ್ಲೇ ಇರುತ್ತಲ್ಲ. ಆ ಸಾರಿಗೆ ರಾಗಿಮುದ್ದೆ, ಪಕ್ಕಕ್ಕೆ ಹಸಿ ಈರುಳ್ಳಿ, ಮುದ್ದೆ ಕಟ್ಟೋ ಹೊತ್ತಿಗೆ ಸಾರು ಇಳಿಸಿರಬೇಕು, ಜಾಸ್ತಿ ಕುದಿಸಿದ್ರೆ ಹೊಗೆ ಪರಿಮಳ ಹಾರೋಗುತ್ತೆ.